ಎಷ್ಟು ಸೀಟಿ ಆದ್ವು?

ನಮ್ಮ ಮನೆಯಲ್ಲಿ ದಿನಾ ಬೆಳಿಗ್ಗೆ ಹತ್ತೂವರೆಗೆ ಒಂದು ಪರೀಕ್ಷೆ ನಡೆಯುತ್ತದೆ. ಪ್ರಶ್ನೆಪತ್ರಿಕೆ ಎಂದೋ ಬಯಲಾಗಿದೆ. ಪ್ರಶ್ನೆ ಒಂದೇ, ಮದುವೆಯಾದ ಲಾಗಾಯ್ತು ಬದಲಾಗಿಲ್ಲ. ಹೆಂಡತಿ ಬಾಲ್ಕನಿಯಲ್ಲಿ ಬಟ್ಟೆ ಒಣಹಾಕುತ್ತಲೋ, ತಂಗಿಯ ಹತ್ತಿರ ಫೋನಿನಲ್ಲಿ ಧಾರವಾಡದ ಮಳೆಯ ಯೋಗಕ್ಷೇಮ ವಿಚಾರಿಸುತ್ತಲೋ ಅಲ್ಲಿಂದಲೇ ಕೂಗುತ್ತಾಳೆ: “ಏನ್ರೀ, ಎಷ್ಟು ಸೀಟಿ ಆದ್ವು?” ಕುಕ್ಕರಿನಿಂದ ಹತ್ತೇ ಅಡಿ ದೂರದಲ್ಲಿ ಪೇಪರು ಹಿಡಿದು ಕೂತ ನಾನು ದಿನಾ ನಪಾಸಾಗುತ್ತೇನೆ. ಎರಡೋ ಮೂರೋ ಎಂದು ತಡವರಿಸಿದರೆ, “ಕುಕ್ಕರು ಪಾಪ ಹೊಯ್ಕೊಂಡು ಹೊಯ್ಕೊಂಡು ಸಾಯ್ತದ, ನಿಮಗ ಕೇಳೂದಿಲ್ಲ” ಎಂದು ಫಲಿತಾಂಶ ಪ್ರಕಟವಾಗುತ್ತದೆ.

ತಪ್ಪು ನನ್ನದಲ್ಲ, ಶಿಕ್ಷಣ ವ್ಯವಸ್ಥೆಯದು ಎಂಬುದು ನನ್ನ ವಾದ. ಶಾಲೆಯಲ್ಲಿ ಕಣ್ಣಿಗೆ ಅಕ್ಷರ ಕಲಿಸಿದರು, ಕೈಗೆ ಕಾಪಿ ಬರೆಸಿದರು, ನಾಲಿಗೆಗೆ ಮಗ್ಗಿ ಬಾಯಿಪಾಠ ಮಾಡಿಸಿದರು. ಕಿವಿಗೆ ಸಿಕ್ಕ ಶಿಕ್ಷಣವೆಂದರೆ ಮಾಸ್ತರರು ಅದನ್ನು ಹಿಂಡಿದ್ದು ಮಾತ್ರ. ಹೀಗೆ ಬೆಳೆದವನಿಗೆ ಇಳಿವಯಸ್ಸಿನಲ್ಲಿ ದಿಢೀರನೆ ಸೀಟಿ ಎಣಿಸು ಎಂದರೆ ಹೇಗೆ? ಈ ಅನ್ಯಾಯವನ್ನು ಸರಿಪಡಿಸಲೆಂದೇ ನಾನು ಪವಾಯಿಯಲ್ಲಿ ಒಂದು ವಿಶ್ವವಿದ್ಯಾಲಯ ಸ್ಥಾಪಿಸಿದ್ದೇನೆ. ಹೆಸರು ಸದ್ದಿನ ವಿಶ್ವವಿದ್ಯಾಲಯ. ಕಟ್ಟಡವಿಲ್ಲ, ಅನುದಾನವಿಲ್ಲ, ಸರಕಾರಕ್ಕೆ ಗೊತ್ತೂ ಇಲ್ಲ. ಈ ಮೂರೂ ಇಲ್ಲದ್ದರಿಂದ ಕೆಲಸ ಸುಸೂತ್ರವಾಗಿ ನಡೆದಿದೆ.

ಇಂಥದ್ದು ಮೊದಲೇ ಇಲ್ಲವೇ ಎಂದು ಕೇಳಬಹುದು. ಇದೆ, ಅಲ್ಲೊಂದು ಇಲ್ಲೊಂದು. ಮೈಸೂರಿನ ಮಾನಸಗಂಗೋತ್ರಿಯಲ್ಲಿ 1965ರಲ್ಲಿ ಹುಟ್ಟಿದ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ. ನಮ್ಮ ಬಾಂದ್ರಾದಲ್ಲೇ 1983ರಿಂದ ಅಲಿ ಯಾವರ್ ಜಂಗ್ ಹೆಸರಿನ ರಾಷ್ಟ್ರೀಯ ಸಂಸ್ಥೆ ಇದೆ. ಅವು ಕೇಳದ ಕಿವಿಗೆ, ತೊಡರುವ ನಾಲಿಗೆಗೆ ಆಸರೆಯಾದಂಥವು. ಹಾಡುವವರಿಗೆಂದು ಮೈಸೂರಿನಲ್ಲಿ ಗಂಗೂಬಾಯಿ ಹಾನಗಲ್ ಅವರ ಹೆಸರಿನ ವಿಶ್ವವಿದ್ಯಾಲಯವೂ ಉಂಟು. ಆದರೆ ರೋಗವೂ ಅಲ್ಲದ, ರಾಗವೂ ಅಲ್ಲದ ಸದ್ದುಗಳಿಗೆ ಹೇಳುವವರು ಕೇಳುವವರು ಯಾರು? ಕುಕ್ಕರಿಗೆ, ಪಾವ್‌ವಾಲಾನ ಹಾರ್ನಿಗೆ, ಮೇಲಿನ ಮನೆಯವರು ರಾತ್ರಿ ಹನ್ನೊಂದಕ್ಕೆ ಎಳೆಯುವ ಕುರ್ಚಿಗೆ?

ಸ್ಥಳ ಪವಾಯಿಯೇ ಏಕೆ ಎಂದರೆ ನಾನು ಇರುವುದು ಇಲ್ಲೇ, ಐಐಟಿ ಮಾರ್ಕೆಟ್ಟಿನ ಹತ್ತಿರದ ಒಂದು ಹಳೆ ಸೊಸಾಯಿಟಿಯ ನಾಲ್ಕನೇ ಮಾಳಿಗೆಯಲ್ಲಿ. ಜೊತೆಗೆ ಊರಿಗೆ ವಿದ್ಯೆಯ ಗಾಳಿಯೂ ಇದೆ. 1958ರಲ್ಲಿ ಶುರುವಾದ ಐಐಟಿಗೆ ಮರುವರ್ಷ ನೆಹರೂ ಇಲ್ಲಿ ಅಡಿಗಲ್ಲಿಟ್ಟಾಗ ಸುತ್ತ ಬರೀ ಗುಡ್ಡ, ಕಾಡು. ಈಗ ಅದರ ಎಲೆಕ್ಟ್ರಿಕಲ್ ವಿಭಾಗದಲ್ಲಿ ಮಾತನ್ನೂ ಹಿಂದೂಸ್ತಾನಿ ಗಾಯನವನ್ನೂ ಕಂಪ್ಯೂಟರಿಗೆ ಕೇಳಿಸಿ, ಇದು ಯಾವ ಸ್ವರ, ಎಲ್ಲಿ ಜಾರಿತು ಎಂದು ಲೆಕ್ಕ ತೆಗೆಯುವ ಪ್ರಯೋಗಾಲಯವಿದೆ. ಕಂಪ್ಯೂಟರು ಕೇಳಲು ಕಲಿಯುತ್ತಿರುವಾಗ ಮನುಷ್ಯ ಹಿಂದೆ ಬೀಳುವುದು ಸರಿಯೇ? ಇನ್ನು ಕೆರೆ. 1890ರ ಸುಮಾರಿಗೆ ಬ್ರಿಟಿಷರು ಮುಂಬೈಗೆ ಕುಡಿಯಲೆಂದು ಕಟ್ಟಿಸಿದ ಪವಾಯಿ ಕೆರೆಯ ನೀರನ್ನು ಈಗ ಯಾರೂ ಕುಡಿಯುವುದಿಲ್ಲ. ಕಾರ್ಖಾನೆಗಳಿಗೆ, ಆರೆ ಡೇರಿಗೆ ಹೋಗುತ್ತದೆ. ಆದರೂ ಪ್ರತಿ ಮಳೆಗಾಲ, 545 ಕೋಟಿ ಲೀಟರ್ ಹಿಡಿಯುವ ಕೆರೆ ಕೋಡಿ ಬಿದ್ದಿತೆಂದು ನಗರಪಾಲಿಕೆ ಹೆಮ್ಮೆಯಿಂದ ಸಾರುತ್ತದೆ, ಮನೆಯಲ್ಲಿ ಏನೂ ಕೆಲಸ ಮಾಡದ ಮಗನ ಹುಟ್ಟುಹಬ್ಬ ಮಾಡಿದ ಹಾಗೆ. ಆ ಕೆರೆಯ ದಂಡೆಯ ಕಲ್ಲುಬೆಂಚೇ ನಮ್ಮ ಸೆನೆಟ್ ಹಾಲು.

ಕುಲಪತಿಗಳು ಸಿಕ್ಕಿದ್ದೂ ಸದ್ದಿನಿಂದಲೇ. 2020ರ ಅಕ್ಟೋಬರ್ 12, ಸೋಮವಾರ. ಕರೋನಾ ಕಾಲ. ಬೆಳಿಗ್ಗೆ ಹತ್ತರ ಸುಮಾರಿಗೆ ಇಡೀ ಮುಂಬೈಗೆ ಒಮ್ಮೆಲೇ ಕರೆಂಟು ಹೋಯಿತು. ಲೋಕಲ್ ಗಾಡಿಗಳು ನಿಂತಲ್ಲೇ ನಿಂತವು. ನಮ್ಮ ಕಟ್ಟಡದಲ್ಲಿ ಫ್ಯಾನು, ಎಸಿ, ಫ್ರಿಜ್ಜು, ಲಿಫ್ಟು, ನೀರಿನ ಪಂಪು, ಆನ್‌ಲೈನ್ ಕ್ಲಾಸು ಎಲ್ಲವೂ ಬಾಯಿ ಮುಚ್ಚಿಕೊಂಡವು. ಇಷ್ಟೆಲ್ಲ ಸದ್ದು ಇತ್ತು ಎಂಬುದು ತಿಳಿದದ್ದೇ ಅದು ಹೋದ ಮೇಲೆ. ನಾನು ಬಾಲ್ಕನಿಗೆ ಬಂದೆ. ಕೆಳಗಿನ ಮಾಳಿಗೆಯಿಂದ ಒಂದು ಸ್ವರ ಎದ್ದಿತು: “ಹ್ವಾಯ್! ನಿಮ್ಗೂ ಕರೆಂಟ್ ಇಲ್ಯಾ?”

ಹ್ವಾಯ್! ಆ ಒಂದು ಸದ್ದಿಗೆ ಆಧಾರ್ ಕಾರ್ಡು ಬೇಕಿಲ್ಲ. ಅದು ಕುಂದಾಪುರ ಬಿಟ್ಟು ಬೇರೆಲ್ಲೂ ಹುಟ್ಟಲಾರದು. ಹನ್ನೊಂದು ವರ್ಷ ಲಿಫ್ಟಿನಲ್ಲಿ ನಾನು ಅವರಿಗೆ ‘ನಮಸ್ಕಾರ್ ಜೀ’ ಎನ್ನುತ್ತಿದ್ದೆ, ಅವರು ನನಗೆ ‘ಕಸ ಕಾಯ್’ ಎನ್ನುತ್ತಿದ್ದರು. ಮರಾಠಿಯವರೆಂದು ನಾನು, ಗುಜರಾತಿಯೆಂದು ಅವರು, ಪರಸ್ಪರ ಗೌರವದಿಂದ ತಪ್ಪು ತಿಳಿದಿದ್ದೆವು. ಕರೆಂಟು ಹೋಗಿ ಕನ್ನಡ ಹೊತ್ತಿಕೊಂಡಿತು. ಸಂಜೆಯೊಳಗೆ ಅವರ ಮನೆಯಿಂದ ಬಂಗುಡೆಯ ವಾಸನೆಯೂ ನಮ್ಮ ಮನೆಯಿಂದ ಶೇಂಗಾ ಚಟ್ನಿಯ ಡಬ್ಬಿಯೂ ಮೆಟ್ಟಿಲು ಹತ್ತಿ ಇಳಿದವು.

ಅವರೀಗ ಎಂಬತ್ತರ ಹತ್ತಿರದವರು. ಹನ್ನೆರಡನೇ ವಯಸ್ಸಿಗೆ ಮುಂಬೈಗೆ ಬಂದು, ಹಗಲು ಫೋರ್ಟಿನ ಹೋಟೆಲಿನಲ್ಲಿ ಟೇಬಲ್ ಒರೆಸಿ, ಸಂಜೆ ಕನ್ನಡ ರಾತ್ರಿಶಾಲೆಯಲ್ಲಿ ತೂಕಡಿಸಿ, ಆಮೇಲೆ ಒಂದು ಆಫೀಸಿನ ಕ್ಯಾಂಟೀನು ನಡೆಸಿದವರು. ವಿಶ್ವವಿದ್ಯಾಲಯದ ಪ್ರಸ್ತಾಪ ಮಾಡಿದಾಗ ಒಂದೇ ಪ್ರಶ್ನೆ ಕೇಳಿದರು: “ಕ್ಯಾಂಟೀನ್ ಇತ್ತಾ?” ಇಲ್ಲವೆಂದೆ. “ಹಂಗಾರೆ ಅದೆಂಥ ವಿಶ್ವವಿದ್ಯಾಲಯ ಮಾರಾಯ್ರೆ?” ಎಂದರು. ಹೀಗೆ ಅಡುಗೆಮನೆ ವಿಭಾಗ ಎಲ್ಲಕ್ಕಿಂತ ಮೊದಲು ತೆರೆಯಿತು.

ಮೊದಲ ಪಾಠ ದೋಸೆಯ ಕಾವಲಿ. ಕಾವಲಿಗೆ ನೀರು ಚಿಮುಕಿಸಿದರೆ ‘ಚೊಂಯ್’ ಎನ್ನಬೇಕು. ಸುಮ್ಮನೆ ಗುಳುಗುಳು ಎಂದರೆ ಕಾವು ಸಾಲದು. ಇದು ಎಲ್ಲರಿಗೂ ಗೊತ್ತು. ಕುಲಪತಿಗಳ ವಿದ್ವತ್ತು ಇರುವುದು ಮೂರನೆಯ ಸ್ಥಿತಿಯಲ್ಲಿ: ಹನಿಗಳು ಸದ್ದೇ ಮಾಡದೆ ಗೋಲಿಗುಂಡಿನ ಹಾಗೆ ಕಾವಲಿಯ ಮೇಲೆ ಓಡಾಡಿದರೆ ಕಾವು ಮೀರಿದೆ, ಹಿಟ್ಟು ಹಾಕಬೇಡ. ಹನಿಯ ಕೆಳಗೆ ಉಗಿಯ ಹಾಸಿಗೆ ಎದ್ದು ಅದನ್ನು ಲೋಹಕ್ಕೆ ತಾಗಗೊಡುವುದಿಲ್ಲವಂತೆ. 1756ರಲ್ಲಿ ಲೈಡೆನ್‌ಫ್ರಾಸ್ಟ್ ಎಂಬ ಜರ್ಮನ್ ವೈದ್ಯ ಇದನ್ನು ಬರೆದಿಟ್ಟ, ಅದಕ್ಕೆ ಇಂದಿಗೂ ಅವನದೇ ಹೆಸರು ಎಂದು ನಾನು ನನ್ನ ಪುಸ್ತಕಜ್ಞಾನ ಪ್ರದರ್ಶಿಸಿದೆ. ಕುಲಪತಿಗಳು ಸ್ವಲ್ಪ ಯೋಚಿಸಿ, “ಅವ್ರೂ ಹೋಟ್ಲ್ ಇಟ್ಟಿದ್ರಾ?” ಎಂದು ಕೇಳಿದರು.

ಕುಕ್ಕರಿನ ಪಾಠ ಎರಡನೆಯದು. ಒಳಗೆ ಉಗಿ ಒತ್ತಿ ಒತ್ತಿ, ಹೊರಗಿನ ಗಾಳಿಯ ಒತ್ತಡದ ಎರಡು ಪಟ್ಟಿನ ಹತ್ತಿರ ಬಂದಾಗ ಮೇಲಿನ ತೂಕ ಎದ್ದು ಸೀಟಿ ಹೊಡೆಯುತ್ತದೆ. ಆಗ ನೀರು ಕುದಿಯುತ್ತಿರುವುದು ನೂರಲ್ಲ, ಸುಮಾರು ನೂರಿಪ್ಪತ್ತು ಡಿಗ್ರಿಯಲ್ಲಿ. ವಿಜ್ಞಾನ ಇಷ್ಟೇ. ಆದರೆ ತೊಗರಿಬೇಳೆಗೆ ಮೂರೋ ನಾಲ್ಕೋ ಎಂಬ ವಿಷಯದಲ್ಲಿ ಮನೆಮನೆಗೂ ಒಂದೊಂದು ಮಠ, ಒಂದೊಂದು ಪೀಠ. ಅದನ್ನು ಸೀಟಿ ಎನ್ನಬೇಕೋ, ಕೂಗು ಎನ್ನಬೇಕೋ, ವಿಸಿಲ್ ಎನ್ನಬೇಕೋ ಎಂಬುದರಲ್ಲಿ ಕರ್ನಾಟಕವೇ ಇನ್ನೂ ಏಕೀಕರಣವಾಗಿಲ್ಲ.

ಬೀದಿ ವಿಭಾಗಕ್ಕೆ ತರಗತಿ ಬೆಳಿಗ್ಗೆ ಆರೂವರೆಗೆ. ಸೈಕಲ್ಲಿಗೆ ಕಟ್ಟಿದ ರಬ್ಬರಿನ ಪೋಂ ಪೋಂ ಬಂದರೆ ಪಾವ್. ಸ್ವಲ್ಪ ಗಡಸು ಪೋಂ ಆದರೆ ಇಡ್ಲಿ. ಎಳೆದು ಎಳೆದು ಕೂಗಿದರೆ ಭಂಗಾರ್‌ವಾಲಾ, ಹಳೆ ಪೇಪರು ಹಳೆ ಕಬ್ಬಿಣ ಕೊಳ್ಳುವವನು. ಅವನ ಕೂಗಿನಲ್ಲಿ ಒಂದೂ ಅಕ್ಷರ ಸರಿಯಾಗಿ ಕೇಳುವುದಿಲ್ಲ; ಆದರೂ ಆರನೇ ಮಾಳಿಗೆಯ ಮೂಲೆಯಲ್ಲಿರುವ ಮುರಿದ ಬಕೆಟ್ಟಿಗೂ ತನ್ನನ್ನೇ ಕರೆದದ್ದು ಎಂದು ಗೊತ್ತಾಗುತ್ತದೆ. ಕಳೆದುಹೋದ ಸದ್ದುಗಳಿಗೆ ಪ್ರತ್ಯೇಕ ದಫ್ತರವಿದೆ, ಅದು ಕುಲಪತಿಗಳ ತಲೆಯೊಳಗೆ. ಹಾಸಿಗೆಯ ಹತ್ತಿ ಎಕ್ಕುತ್ತಿದ್ದ ಪಿಂಜಾರರ ಬಿಲ್ಲಿನ ಟೊಂಯ್ ಟೊಂಯ್. ಬೆಸ್ಟ್ ಬಸ್ಸಿನ ಕಂಡಕ್ಟರು ಸೀಟಿನ ಸರಳಿನ ಮೇಲೆ ಟಿಕೆಟ್ ಪಂಚು ಬಡಿಯುತ್ತಿದ್ದ ಟಿಕ್ ಟಿಕ್; ಅದು ಕಿವಿಗೆ ಬಿದ್ದರೆ ನಿದ್ದೆಯಲ್ಲೂ ಕೈ ಜೇಬಿಗೆ ಹೋಗುತ್ತಿತ್ತು. ಟ್ರಾಮಿನ ಠಣ್ ಠಣ್. 1964ರ ಮಾರ್ಚ್ 31ರಂದು ಬೋರಿಬಂದರದಿಂದ ದಾದರಿಗೆ ಕೊನೆಯ ಟ್ರಾಮು ಓಡಿದಾಗ ಕುಲಪತಿಗಳು ಹದಿನೆಂಟರ ಹುಡುಗ. ಅದರ ಗಂಟೆಯನ್ನು ಅವರು ಈಗಲೂ ನಾಲಿಗೆಯಿಂದ ಹೊಡೆದು ತೋರಿಸುತ್ತಾರೆ. ಬೆಂಚಿನ ಪಕ್ಕ ವಾಕಿಂಗ್ ಬಂದವರು ದಾರಿ ಬಿಡುತ್ತಾರೆ.

ಹಾರ್ನ್ ವಿಭಾಗಕ್ಕೆ ಜಾಗ ಹುಡುಕುವ ಕಷ್ಟ ಬರಲಿಲ್ಲ. ಜೋಗೇಶ್ವರಿ–ವಿಕ್ರೋಳಿ ರಸ್ತೆ ಇಪ್ಪತ್ನಾಲ್ಕು ತಾಸೂ ತೆರೆದಿರುವ ಅಧ್ಯಯನ ಕೇಂದ್ರ. ಸರಕಾರದ 2000ದ ನಿಯಮದ ಪ್ರಕಾರ ಜನವಸತಿಯಲ್ಲಿ ಹಗಲು 55 ಡೆಸಿಬೆಲ್, ರಾತ್ರಿ 45 ಮೀರಬಾರದು. ಡೆಸಿಬೆಲ್ಲಿನ ಲೆಕ್ಕ ಸಾಹುಕಾರನ ಬಡ್ಡಿಯ ಲೆಕ್ಕದಂಥದು: ಹತ್ತು ಏರಿದರೆ ಸದ್ದಿನ ಶಕ್ತಿ ಹತ್ತು ಪಟ್ಟು, ಇಪ್ಪತ್ತು ಏರಿದರೆ ನೂರು ಪಟ್ಟು, ಮೂವತ್ತಕ್ಕೆ ಸಾವಿರ. 2020ರ ಆರಂಭದಲ್ಲಿ ಮುಂಬೈ ಪೋಲೀಸರು ಒಂದು ಸೊಗಸಾದ ಪ್ರಯೋಗ ತೋರಿಸಿದರು. ಕೆಲವು ಸಿಗ್ನಲ್ಲುಗಳಿಗೆ ಡೆಸಿಬೆಲ್ ಮೀಟರು ಜೋಡಿಸಿದರು. ನಿಂತ ಗಾಡಿಗಳ ಹಾರ್ನು 85 ದಾಟಿದರೆ ಕೆಂಪುದೀಪದ ಎಣಿಕೆ ಮತ್ತೆ ಮೊದಲಿನಿಂದ. ಬಡಿದಷ್ಟೂ ನಿಲ್ಲು. ಮನುಕುಲಕ್ಕೆ ಇಷ್ಟು ನೇರವಾಗಿ ಕರ್ಮಸಿದ್ಧಾಂತ ಬೋಧಿಸಿದ ಯಂತ್ರ ಇನ್ನೊಂದಿಲ್ಲ. ಇದನ್ನು ಕೇಳಿ ನನ್ನ ಹೆಂಡತಿ, ಅಂಥದ್ದೊಂದನ್ನು ನಮ್ಮ ಸೊಸಾಯಿಟಿಯ ಡ್ರಿಲ್ ಮಶೀನಿಗೂ ಹಾಕಿಸಬೇಕೆಂದಳು. ಮುಂಬೈಯ ಯಾವ ಕಟ್ಟಡದಲ್ಲೂ ಡ್ರಿಲ್ ನಿಲ್ಲುವುದಿಲ್ಲ, ಮಾಳಿಗೆ ಬದಲಿಸುತ್ತದೆ ಅಷ್ಟೆ.

ವ್ಯಾಕರಣ ವಿಭಾಗದಲ್ಲಿ ನಾನೇ ಪ್ರಾಧ್ಯಾಪಕ. ನಮ್ಮ ವರ್ಣಮಾಲೆಯೇ ಒಂದು ಲೋಕಲ್ ಗಾಡಿ ಎಂದು ಕುಲಪತಿಗಳಿಗೆ ಅರ್ಥವಾಗುವಂತೆ ಹೇಳಿದೆ. ಕಂಠದಿಂದ ಹೊರಡುತ್ತದೆ, ತುಟಿಗೆ ಬಂದು ನಿಲ್ಲುತ್ತದೆ. ಕಂಠ, ತಾಲು, ಮೂರ್ಧ, ದಂತ, ಓಷ್ಠ: ಐದೇ ಸ್ಟೇಶನ್ನು, ಒಂದೊಂದರಲ್ಲೂ ಐದೈದು ಪ್ಯಾಸೆಂಜರು. ಎ, ಬಿ, ಸಿ, ಡಿ ಮಾತ್ರ ವಿರಾರ್ ಲೋಕಲ್ಲಿನ ಜನರಲ್ ಡಬ್ಬಿ. ಯಾರು ಯಾರ ಪಕ್ಕ ಏಕೆ ನಿಂತಿದ್ದಾರೆ ಎಂದು ಕೇಳುವಂತಿಲ್ಲ.

ಹದಿಮೂರನೇ ಶತಮಾನದ ಕೇಶಿರಾಜನಂತೂ ನಮ್ಮ ವಿಶ್ವವಿದ್ಯಾಲಯದ ಕುಲದೈವ. ‘ಶಬ್ದಮಣಿದರ್ಪಣ’ದಲ್ಲಿ ಅವನು ಸದ್ದು ಹುಟ್ಟುವ ಬಗೆ ಹೇಳುತ್ತಾನೆ: ಜೀವ ಬಯಸಿದಾಗ, ಗಾಳಿ ಅನುಕೂಲವಾದಾಗ, ಹೊಕ್ಕಳ ಬುಡದಿಂದ ಕಹಳೆಯ ಆಕಾರದಲ್ಲಿ ಶಬ್ದ ಏಳುತ್ತದೆ, ಅದರ ಬಣ್ಣ ಬಿಳಿ. ಕಾಲೇಜಿನಲ್ಲಿ ಇದನ್ನು ಓದಿ ನಾವು ನಕ್ಕಿದ್ದೆವು. ಸದ್ದಿಗೆ ಬಣ್ಣವೇ? ಈಗ ಮೊಮ್ಮಗಳ ಫೋನಿನಲ್ಲಿ ನಿದ್ದೆ ಬರಿಸಲೆಂದು ಒಂದು ಆ್ಯಪ್ ಇದೆ. ಒತ್ತಿದರೆ ‘ಶ್‌ಶ್’ ಎಂದು ಒಂದೇ ಸಮ ಸುರಿಯುತ್ತದೆ, ಹಳೆ ಟಿವಿಯಲ್ಲಿ ಚಿತ್ರ ಹೋದಾಗ ಬರುತ್ತಿದ್ದ ಹಾಗೆ. ಅದರ ಹೆಸರು ವೈಟ್ ನಾಯ್ಸ್. ಎಲ್ಲ ಬಣ್ಣ ಕೂಡಿದ ಬೆಳಕು ಬಿಳಿಯಾದಂತೆ ಎಲ್ಲ ಕಂಪನಾಂಕಗಳೂ ಸಮಸಮವಾಗಿ ಕೂಡಿದ ಸದ್ದೂ ಬಿಳಿ ಎಂದು ಎಂಜಿನಿಯರುಗಳು ಇಟ್ಟ ಹೆಸರು. ಕೇಶಿರಾಜ ಹೇಳಿದ್ದು ಇದನ್ನೇ ಎಂದು ಎದೆ ತಟ್ಟುವ ಪೈಕಿ ನಾನಲ್ಲ. ಆದರೂ ನಕ್ಕಿದ್ದಕ್ಕೆ ಒಮ್ಮೆ ಗಲ್ಲ ಬಡಿದುಕೊಂಡೆ.

ಆ ಮೊಮ್ಮಗಳನ್ನೇ ಒಂದು ಬೇಸಿಗೆ ಧಾರವಾಡದ ಮನೆಗೆ ಕರೆದೊಯ್ದಿದ್ದೆವು. ರಾತ್ರಿ ಹನ್ನೊಂದಕ್ಕೆ ಎದ್ದು ಕೂತಳು. “ಅಜ್ಜಾ, ಇಲ್ಲಿ ಏನೋ ಆಗೇದ. ಏನೂ ಕೇಳಿಸ್ತಿಲ್ಲ.” ಹಿತ್ತಲಲ್ಲಿ ಜೀರುಂಡೆಗಳು ಗಂಟಲು ಹರಿಯುವಂತೆ, ಅಲ್ಲ, ರೆಕ್ಕೆ ಹರಿಯುವಂತೆ ಉಜ್ಜುತ್ತಿದ್ದವು. ಮುಂಬೈಯ ಕಿವಿಗೆ ಅದು ಸದ್ದಿನ ಲೆಕ್ಕಕ್ಕೇ ಬರಲಿಲ್ಲ. ಅವಳನ್ನು ತೊಡೆಯ ಮೇಲೆ ಮಲಗಿಸಿಕೊಂಡಾಗ ಮೌನ ವಿಭಾಗ ಹುಟ್ಟಿತು. ಏಕೆಂದರೆ ಕನ್ನಡಕ್ಕೆ ಒಂದು ವಿಚಿತ್ರ ಅಭ್ಯಾಸವಿದೆ. ಮಳೆ ಜಿಟಿಜಿಟಿ, ಹೊಳೆ ಜುಳುಜುಳು, ಬಾಗಿಲು ದಬದಬ. ಇವು ಸರಿ, ಸದ್ದು ಮಾಡುವಂಥವು. ಆದರೆ ನಕ್ಷತ್ರ ಮಿಣಮಿಣ ಎನ್ನುತ್ತದೆ, ತಾಮ್ರದ ತಂಬಿಗೆ ಥಳಥಳ ಎನ್ನುತ್ತದೆ, ಮಲ್ಲಿಗೆ ಘಮ್ ಎನ್ನುತ್ತದೆ, ಕತ್ತಲು ಗವ್ ಎನ್ನುತ್ತದೆ, ಮಕ್ಕಳು ದೂರ ಹೋದ ಮನೆ ಬಿಕೋ ಎನ್ನುತ್ತದೆ. ಇವು ಯಾವುವೂ ಬಾಯಿ ಬಿಟ್ಟವಲ್ಲ. ಆದರೂ ಯಾವನೋ ಒಬ್ಬ ಕನ್ನಡದ ಪೂರ್ವಜ ಕೇಳಿಸಿಕೊಂಡಿದ್ದಾನೆ. ಅಂಥ ಕಿವಿಯವರ ವಂಶದಲ್ಲಿ ಹುಟ್ಟಿ ನನಗೆ ಕುಕ್ಕರು ಕೇಳುವುದಿಲ್ಲ!

ಅತಿಥಿ ಪ್ರಾಧ್ಯಾಪಕರು ಸಿ.ವಿ. ರಾಮನ್. ಬೆಳಕಿಗೆ ನೊಬೆಲ್ ಬಂದದ್ದರಿಂದ ಅವರ ಸದ್ದಿನ ಕೆಲಸ ಹಿಂದೆ ಸರಿಯಿತು. ಕಲ್ಕತ್ತದಲ್ಲಿದ್ದಾಗ ಪಿಟೀಲಿನ ತಂತಿ ಹೇಗೆ ಕಂಪಿಸುತ್ತದೆಂದು ಬರೆದರು. ಚರ್ಮವಾದ್ಯಗಳ ಅನುಸ್ವರಗಳು ಸಾಮಾನ್ಯವಾಗಿ ಹೊಂದದೆ ಗದ್ದಲವಾಗುತ್ತವೆ. ಮೃದಂಗ, ತಬಲಾಗಳಲ್ಲಿ ಮಾತ್ರ ನಡುವೆ ಹಾಕುವ ಕರಣೆಯ ಭಾರದಿಂದಾಗಿ ತಂತಿವಾದ್ಯದಂತೆ ಸುಸ್ವರವಾಗುತ್ತವೆ ಎಂದು 1920ರಲ್ಲಿ ಜಗತ್ತಿಗೆ ತಿಳಿಸಿದರು. ಮರುವರ್ಷ ತಂಬೂರಿ, ವೀಣೆಗಳ ಸರದಿ. ವಿಜಯಪುರದ ಗೋಳಗುಮ್ಮಟದ ಪಿಸುಗುಟ್ಟುವ ಗ್ಯಾಲರಿಯ ಬಗ್ಗೆಯೂ 1922ರಲ್ಲಿ ಬರೆದರು. ನಮ್ಮ ವಿಶ್ವವಿದ್ಯಾಲಯದ ಉತ್ತರ ಕರ್ನಾಟಕ ಶಾಖೆ ಅಲ್ಲೇ. ಅಲ್ಲಿ ಗೋಡೆಗೆ ಬಾಯಿಟ್ಟು ಆಡಿದ ಪಿಸುಮಾತು ಗೋಡೆಗುಂಟ ಸುತ್ತಿ ಆಚೆ ದಂಡೆಯವರ ಕಿವಿಗೆ ಬೀಳುತ್ತದೆ. ನಮ್ಮ ಸೊಸಾಯಿಟಿಯಲ್ಲೂ ಹಾಗೆಯೇ, ಗುಮ್ಮಟವೊಂದಿಲ್ಲ.

ಧಾರವಾಡದವನಾದ್ದರಿಂದ ನನಗೆ ತಂಬೂರಿಯ ಮಾತು ಹತ್ತಿರದ್ದು. ಮಿರಜಿನಲ್ಲಿ ಮಾಡಿದ ತಂಬೂರಿ ಎಷ್ಟೇ ಚೆನ್ನಾಗಿರಲಿ, ಕುದುರೆಯ ಮೇಲೆ ತಂತಿಯ ಕೆಳಗೆ ಒಂದೆಳೆ ನೂಲು ಸಿಕ್ಕಿಸದೆ ಅದು ಮಾತಾಡುವುದಿಲ್ಲ. ಎಳೆಯನ್ನು ಹಿಂದೆ ಮುಂದೆ ಸರಿಸುತ್ತ ಇರಬೇಕು. ಒಂದು ಕಡೆ ಬರುತ್ತಲೇ ಬರೀ ಟಣ್ ಎನ್ನುತ್ತಿದ್ದ ತಂತಿ ಜೇನುಗೂಡಿನಂತೆ ತುಂಬಿಕೊಳ್ಳುತ್ತದೆ. ಆ ನೂಲಿನ ಹೆಸರು ಜೀವಾಳ.

ಇಷ್ಟೆಲ್ಲ ಘನಂದಾರಿ ಕೆಲಸ ನಡೆಸಿದ್ದ ಸಂಸ್ಥಾಪಕನನ್ನು ಹೋದ ವರ್ಷ ಮಗಳು ಕಿವಿ ಪರೀಕ್ಷೆಗೆ ಕರೆದೊಯ್ದಳು. ಗೋಡೆಗೆಲ್ಲ ಹಾಸಿಗೆ ಹೊಚ್ಚಿದಂಥ ಸಣ್ಣ ಕೋಣೆ. ಕಿವಿಗೆ ಹೆಡ್‌ಫೋನು, ಕೈಗೊಂದು ಗುಂಡಿ. ಬೀಪ್ ಕೇಳಿದಾಗ ಒತ್ತಬೇಕು. ಪರೀಕ್ಷೆ ಮಾಡಿದವಳು ಮೈಸೂರಿನಲ್ಲಿ ಓದಿದ ಕೇರಳದ ಹುಡುಗಿ. ನನ್ನ ಹೆಸರು ನೋಡಿ ಮೈಸೂರು ಕನ್ನಡ ತೆಗೆದಳು. ಅರ್ಧ ತಾಸಿನ ಮೇಲೆ ಬಾಗಿಲು ತೆರೆದು, “ಅಂಕಲ್, ನಾನು ಏನೂ ಕೊಡದೇ ಇದ್ದಾಗಲೂ ಒತ್ತುತ್ತಾ ಇದ್ದೀರ” ಎಂದಳು. ನಾನೇನು ಮಾಡಲಿ? ನಲವತ್ತು ವರ್ಷ ಮುಂಬೈಯಲ್ಲಿ ಕಳೆದವನಿಗೆ ಏನೂ ಸದ್ದಿಲ್ಲ ಎಂದರೆ ನಂಬಿಕೆ ಬರುವುದಿಲ್ಲ.

ಅವಳು ಕಾಗದದ ಮೇಲೆ ಒಂದು ಗೆರೆ ತೋರಿಸಿದಳು. ಎಡಗಡೆ ನೆಟ್ಟಗಿದ್ದು ಬಲಕ್ಕೆ ಬರುತ್ತ ಖಂಡಾಲಾ ಘಾಟಿಯಂತೆ ಇಳಿದಿತ್ತು. ವಯಸ್ಸಾದಂತೆ ಮೊದಲು ಹೋಗುವುದು ಹೆಚ್ಚು ಕಂಪನಾಂಕದ ಸಣ್ಣ ಸದ್ದುಗಳಂತೆ. “ಅ, ಆ, ಓ ಎಲ್ಲ ಕೇಳುತ್ತೆ ಅಂಕಲ್. ಸ, ತ, ಕ ಇಂಥವು ಹೋಗ್ತಾ ಇವೆ. ಅದಕ್ಕೇ ಮಾತು ಕೇಳುತ್ತೆ, ಅರ್ಥ ಆಗಲ್ಲ.” ಅಂದರೆ ಸ್ವರಗಳು ಉಳಿದಿವೆ, ವ್ಯಂಜನಗಳು ಹೋಗುತ್ತಿವೆ. ಸಕ್ಕರೆ ಕಾಯಿಲೆ ಬಂದು ಎಲೆಯ ಮೇಲಿನ ವ್ಯಂಜನಗಳನ್ನು ಡಾಕ್ಟರು ಎಂದೋ ತೆಗೆಸಿದ್ದರು. ಈಗ ಕಿವಿಯವೂ ಹೋದವು. ಊಟದಲ್ಲೂ ಮಾತಿನಲ್ಲೂ ಸಪ್ಪೆ ಅನ್ನ ಒಂದೇ ಗತಿ.

ಯಂತ್ರ ಬಂತು, ಕಡಲೆಕಾಳಿನಷ್ಟು ದೊಡ್ಡದು, ಕಡಲೆಕಾಳಿನ ಗೋದಾಮಿನಷ್ಟು ಬೆಲೆ. ಮೊದಲ ದಿನ ಹುಚ್ಚು ಹಿಡಿಯುವುದೊಂದು ಬಾಕಿ. ಪೇಪರು ಮಡಿಸಿದರೆ ತಗಡು ಮಡಿಸಿದಂತೆ, ನನ್ನ ಚಪ್ಪಲಿ ನನ್ನನ್ನೇ ಹಿಂಬಾಲಿಸಿದಂತೆ. ಕಿವಿ ಇಷ್ಟು ವರ್ಷ ಮಾಡುತ್ತಿದ್ದ ದೊಡ್ಡ ಕೆಲಸ ಕೇಳುವುದಲ್ಲ, ಬಿಡುವುದು ಎಂದು ಆಗ ಹೊಳೆಯಿತು. ಫ್ಯಾನು ಬಿಡು, ರಸ್ತೆ ಬಿಡು, ಡ್ರಿಲ್ ಬಿಡು ಎಂದು ನಗರ ಅದಕ್ಕೆ ಕಲಿಸಿತ್ತು. ಹೀಗೆ ಬಿಡುತ್ತ ಬಿಡುತ್ತ ಲಿಫ್ಟಿನಲ್ಲಿನ ಕುಂದಾಪುರವನ್ನೂ ಹನ್ನೊಂದು ವರ್ಷ ಬಿಟ್ಟಿತ್ತು. ಕುಲಪತಿಗಳಿಗೆ ಹೇಳಿದೆ. “ಮೊದ್ಲು ಎಲ್ಲ ಕೇಂಬುದು, ಮತ್ತೆ ಬೇಕಾದ್ದ್ ಮಾತ್ರ ಇಟ್ಕಂಬುದು, ಮೀನ್ ತಕಂಬ ಹಾಂಗೆ” ಎಂದರು.

ಮೂರನೇ ದಿನ ಬೆಳಿಗ್ಗೆ ಹತ್ತೂವರೆ ಗಂಟೆ. ನಾನು ಸೋಫಾದಲ್ಲಿ, ಕುಕ್ಕರು ಒಲೆಯ ಮೇಲೆ, ಹೆಂಡತಿ ಅಡುಗೆಮನೆಯಲ್ಲಿ ಕೊತ್ತಂಬರಿ ಹೆಚ್ಚುತ್ತ. ಇಂದು ಪಾಸಾಗಲೇಬೇಕೆಂದು ಬೆರಳು ಮಡಿಸಿ ಕೂತೆ. ಮೊದಲ ಸೀಟಿ ಬಂತು. ಅದು ಇಳಿದ ಮೇಲೆ, ಚಾಕುವಿನ ಟಕಟಕದ ನಡುವೆ, ಇನ್ನೇನೋ ಇತ್ತು. ಸಣ್ಣದು. ಯಂತ್ರದ ದೋಷವೆಂದುಕೊಂಡು ಕಿವಿಯಿಂದ ತೆಗೆದೆ, ಹೋಯಿತು. ಹಾಕಿಕೊಂಡೆ, ಇತ್ತು. ಅವಳು ಗುನುಗುತ್ತಿದ್ದಳು.

ಮದುವೆಯಾದ ಹೊಸತರಲ್ಲಿ, ಡೊಂಬಿವಲಿಯ ಒಂದು ಕೋಣೆಯ ಮನೆಯಲ್ಲಿ, ಆ ಗುನುಗು ಕೇಳುತ್ತಲೇ ನಾನು 7.40ರ ಲೋಕಲ್ಲಿಗೆ ತಯಾರಾಗುತ್ತಿದ್ದೆ. ಯಾವಾಗ ನಿಂತಿತ್ತೋ ನೆನಪಿಲ್ಲ. ಎದ್ದು ಹೋಗಿ ಬಾಗಿಲಲ್ಲಿ ನಿಂತು ಕೇಳಿದೆ: “ಮತ್ತ ಹಾಡಾಕ ಯಾವಾಗ ಶುರು ಮಾಡಿದಿ?”

ಅವಳು ತಿರುಗಿಯೂ ನೋಡಲಿಲ್ಲ. “ನಿಲ್ಲಿಸಿದ್ರಲ್ಲ ಶುರು ಮಾಡೂದು?” ಎಂದಳು. ಆಮೇಲೆ ಏನೋ ನೆನಪಾದವಳಂತೆ ಒಲೆಯ ಕಡೆ ನೋಡಿ, “ಏನ್ರೀ, ಎಷ್ಟು ಸೀಟಿ ಆದ್ವು?” ಎಂದಳು.

ಮಡಿಸಿದ ಬೆರಳು ಒಂದೇ ಇತ್ತು. ಅಂದು ಬೇಳೆ ಪೂರ್ತಿ ಕರಗಿ, ಸಾರಿನಲ್ಲಿ ಬೇಳೆ ಎಲ್ಲಿದೆ ಎಂದು ಹುಡುಕಬೇಕಾಯಿತು. ನಾನು ಎರಡು ಸಲ ಹಾಕಿಸಿಕೊಂಡೆ.